ಏಳನೆಯ ಕಲ್ಲಿನ ಮುಖ

“ವಕೀಲ್ರ, ಈ ಕಲ್ಲಿನ ಮಾರಿ ಯಾ ಕಡೆ ಅದ ನೋಡ್ರಿ.”

ಮಂದಾಕಿನಿಬಾಯಿ ನೆಲದ ಮೇಲೆ ಕುಳಿತಿದ್ದರು. ಅರವತ್ತೈದು ದಾಟಿದ ಹೆಂಗಸು, ಇಳಕಲ್ ಸೀರೆಯ ನೆರಿಗೆಯನ್ನು ಮೊಣಕಾಲಿನ ನಡುವೆ ಒತ್ತಿಕೊಂಡು, ಕಾಲುವೆ ದಂಡೆಯ ಕೆಂಪು ಧೂಳಿನಲ್ಲಿ ಕುಕ್ಕರಗಾಲು ಹಾಕಿದ್ದರು. ಗಡಿಕಲ್ಲಿಗೂ ಅದರ ಹಿಂದಿನ ಕಂಪೌಂಡ್ ಗೋಡೆಗೂ ನಡುವೆ ಒಂದು ಗೇಣು ಸಂದಿ. ಆ ಸಂದಿಯೊಳಗೆ ತಮ್ಮ ಪರ್ಸಿನ ಪುಟ್ಟ ಕನ್ನಡಿಯನ್ನು ಇಳಿಬಿಟ್ಟು ಏನನ್ನೋ ಓದುತ್ತಿದ್ದರು.

“ಕಲ್ಲಿಗೆ ಮಾರಿ ಎಲ್ಲಿಂದ ಬಂತ್ರಿ ಬಾಯಾರ?” ಎಂದೆ.

ನನ್ನ ದನಿಯಲ್ಲಿ ಸಿಡುಕಿತ್ತು, ಇಲ್ಲವೆನ್ನುವುದಿಲ್ಲ. ಬೆಳಗ್ಗೆ ಏಳಕ್ಕೆ ಮಡಗಾಂವ್ ಬಿಟ್ಟವನು ನಾನು. ಹನ್ನೊಂದಾದರೂ ಹೊಟ್ಟೆಗೆ ಒಂದು ತುಂಡು ಪಾವ್ ಬಿದ್ದಿರಲಿಲ್ಲ. ಫೆಬ್ರವರಿಯಲ್ಲೇ ಗೋವೆಯ ಈ ಮಡ್ಕಯಿ ಊರಿನ ಬಿಸಿಲು ನೆತ್ತಿ ಕಾಯಿಸುತ್ತಿತ್ತು. ಮಂದಾಕಿನಿಬಾಯಿಗೆ ಮಾತ್ರ ಹಸಿವೂ ಇಲ್ಲ, ಬಿಸಿಲೂ ಇಲ್ಲ.

ಇವರ ಪರಿಚಯ ಇಲ್ಲದವರಿಗೆ ಹೇಳುತ್ತೇನೆ. ಮಂದಾಕಿನಿಬಾಯಿ ಧಾರವಾಡದವರು. ಇಲ್ಲಿ ಗೋವೆಯ ಭೂಮಾಪನ ಕಚೇರಿಯಲ್ಲಿ ನಕ್ಷೆ ಬರೆಯುವ ಕೆಲಸದಲ್ಲಿ ಮೂವತ್ತು ವರ್ಷ ಸವೆಸಿ, ನಿವೃತ್ತರಾದ ಮೇಲೆ ನನ್ನಂಥ ವಕೀಲರಿಗೆ ನಕ್ಷೆ ಬರೆದುಕೊಡುತ್ತಾರೆ, ಜಮೀನು ವ್ಯಾಜ್ಯಗಳಲ್ಲಿ ನಿಜ ಏನೆಂದು ಪತ್ತೆ ಮಾಡಿಕೊಡುತ್ತಾರೆ. ಕಳ್ಳನನ್ನು ಹಿಡಿದರೂ ದನಿ ಏರಿಸುವವರಲ್ಲ. ನಾನು ಕಮಲಾಕರ, ಬೆಳಗಾವಿಯವ, ಮಡಗಾಂವ್‌ನಲ್ಲಿ ವಕೀಲಿ. ದನಿ ಏರಿಸುವ ಕೆಲಸವನ್ನು ಇಬ್ಬರ ಪಾಲಿಗೂ ನಾನೇ ಮಾಡುತ್ತೇನೆ.

ವಿಷಯ ಇಷ್ಟು: ಕಾಲುವೆ ಅಗೆಯಲು ಬಂದು ಇಲ್ಲೇ ನೆಲೆ ನಿಂತ ಹದಿನಾಲ್ಕು ಕೂಲಿ ಕುಟುಂಬಗಳಿಗೆ, ‘ನೀವು ನೀರಾವರಿ ಜಾಗ ಒತ್ತುವರಿ ಮಾಡಿದ್ದೀರಿ, ಖಾಲಿ ಮಾಡಿ’ ಎಂದು ನೋಟೀಸು ಬಂದಿತ್ತು, ನಾಳೆ ಮಧ್ಯಾಹ್ನ ಮೂರಕ್ಕೆ ಡೆಪ್ಯುಟಿ ಕಲೆಕ್ಟರರ ಮುಂದೆ ವಿಚಾರಣೆ.

ಕಾಲುವೆಯಲ್ಲಿ ನೀರು ಹರಿಯುವುದು ಮೂರೇ ಮೀಟರು ಅಗಲ. ಆದರೆ ಸರ್ಕಾರ ಕೊಂಡದ್ದು ಇಪ್ಪತ್ತನಾಲ್ಕು ಮೀಟರು. ನೀರಿನ ಪೂರ್ವಕ್ಕೆಷ್ಟು, ಪಶ್ಚಿಮಕ್ಕೆಷ್ಟು ಎಂದು ಹೇಳುವ ಮೂಲ ನಕ್ಷೆಯನ್ನು ಗೆದ್ದಲು ತಿಂದಿದೆ ಎಂದು ಕಚೇರಿಯವರೇ ಬರೆದುಕೊಟ್ಟಿದ್ದಾರೆ. ಪಶ್ಚಿಮದ ಗಡಿಕಲ್ಲುಗಳು ಎಂದೋ ರಸ್ತೆ ಮಾಡುವಾಗ ಕಿತ್ತುಹೋದವು. ಹೀಗಾಗಿ ಅಳೆಯಲು ಬಂದವರು ಪೂರ್ವದ ಕಲ್ಲುಗಳಿಂದ ಪಶ್ಚಿಮಕ್ಕೆ ಟೇಪು ಎಳೆದರು. ಇಪ್ಪತ್ತನಾಲ್ಕನೆಯ ಮೀಟರು ಹೋಗಿ ಬಿದ್ದದ್ದು ಪಶ್ಚಿಮ ದಂಡೆಯ ಕೂಲಿ ಮನೆಗಳ ಸಾಲಿನಲ್ಲಿ, ಫಕೀರವ್ವ ಎಂಬಾಕೆಯ ಒಲೆಯ ಮೇಲೆ.

ಪೂರ್ವದ ಕಲ್ಲುಗಳ ಬೆನ್ನಿಗೇ ರಟ್ಟಿನ ಪೆಟ್ಟಿಗೆ ಕಾರ್ಖಾನೆಯ ಗೋಡೆ. ಅದಕ್ಕೆ ಮಾತ್ರ ನೋಟೀಸು ಇಲ್ಲ. ಕಲ್ಲಿನ ಆಚೆಗಿದೆಯಲ್ಲ!

“ಐದನೇ ಕಲ್ಲು ನೋಡಿದಿರಲ್ಲ? ನಂಬರು ಯಾ ಕಡೆ ಇತ್ತು?” ಮಂದಾಕಿನಿಬಾಯಿ ಕೇಳಿದರು.

“ನೀರಿನ ಕಡೆ.”

“ಹನ್ನೊಂದನೇದು?”

“ಅದೂ ನೀರಿನ ಕಡೆನ.”

“ಕಾಲುವಿ ಗೇಟು ತಿರುವೋ ಮನಶ್ಯಾ ದಂಡಿ ಮ್ಯಾಲೆ ನಡಕೋತ ಬರ್ತಾನ. ಅಂವಗ ನಂಬರು ಕಾಣಬೇಕು. ಅದಕ್ಕ ನಮ್ಮ ಆಫೀಸಿನವರು ನಂಬರು ನೀರಿನ ಕಡೆ ಮಾಡೇ ಕಲ್ಲು ನಿಲ್ಲಸ್ತಿದ್ರು. ಆರರಿಂದ ಹತ್ತರ ತನಕಾ ಐದು ಕಲ್ಲು ಮಾತ್ರ ಗ್ವಾಡಿ ಕಡೆ ಮಾರಿ ಮಾಡ್ಯಾವ. ಕನ್ನಡಿ ಹಿಡದು ಓದಬೇಕು. ಸರಕಾರದವರಿಗೆ ತಲಿ ಇಲ್ಲ ಅಂದ್ರೂ, ಇಷ್ಟರ ಮಟ್ಟಿಗೆ ಇಲ್ಲಾ ಅಂದೇನು?”

ನಾನು ಬಗ್ಗಿ ಕನ್ನಡಿಯಲ್ಲಿ ನೋಡಿದೆ. ಕಲ್ಲಿನ ಎದೆಯ ಮೇಲೆ ಕೆತ್ತಿದ ಏಳು. ಅದರ ಕೆಳಗೆ, ಗೋಡೆಯ ಮರೆಯಲ್ಲಿ ಮಳೆ ತಾಗದೆ ಉಳಿದಿದ್ದ ಐದು ಸುಣ್ಣದ ಬೊಟ್ಟು.

“ಬಾಯಾರ, ಯಾರೋ ಪೂಜಿ ಮಾಡ್ಯಾರಲ್ರಿ!”

“ಹಾಂ. ಮೂಡಣಕ್ಕ ಮಾರಿ ಮಾಡಿ, ಬೊಟ್ಟಿಟ್ಟು, ಕೈಮುಗದು ನಿಲ್ಲಿಸ್ಯಾರ. ಸರಕಾರಿ ಕೆಲಸ ಇಷ್ಟು ಭಕ್ತಿಲೆ ಮಾಡೋ ಮಂದಿ ಯಾರಿದ್ದಾರು, ನೀವ ಹೇಳ್ರಿ.”

ಹೇಳಲು ನನಗೆ ಮನಸ್ಸಾಗಲಿಲ್ಲ. ಕಾಲುವೆಯ ಆಚೆ ದಂಡೆಯಲ್ಲಿ, ಹದಿನಾಲ್ಕು ಮನೆಗಳ ಸಾಲಿನ ತುದಿಯಲ್ಲಿ, ದುರ್ಗವ್ವನ ಕಲ್ಲು ಇತ್ತು. ಅದರ ಮುಖವೂ ಪೂರ್ವಕ್ಕೆ. ಅದಕ್ಕೂ ಐದೇ ಬೊಟ್ಟು. ಬರುವಾಗ ನಾನೇ ಅದಕ್ಕೆ ಕೈಮುಗಿದು ಬಂದಿದ್ದೆ.

ಗೋಡೆಯ ತುದಿಯ ಚಿಕ್ಕ ಗೇಟು ತೆರೆಯಿತು. ಕಾರ್ಖಾನೆಯ ಮಾಲೀಕ ಅಮೇಯ ಬಾಬ್ ಹೊರಗೆ ಬಂದ. ನಲವತ್ತರ ಆಸುಪಾಸು, ಇಸ್ತ್ರಿ ಮಾಡಿದ ಬಿಳಿ ಶರ್ಟು, ಬಾಯಿ ತೆರೆದರೆ ಬೆಲ್ಲ. ಅಮ್ಮನ ಕಡೆಯಿಂದ ಬೆಳಗಾವಿಯವನಂತೆ. ಕನ್ನಡ ಚೆನ್ನಾಗಿಯೇ ಬರುತ್ತದೆ.

“ವಕೀಲ ಸಾಹೇಬ್ರ, ಬಿಸಲಾಗ ಯಾಕ ನಿಂತೀರಿ? ಒಳಗ ಬರ್ರಿ. ಕುಡಿಯಾಕ ತಣ್ಣಗ ಸೋಲಕಡಿ ತರಸ್ತೇನಿ.”

“ಬ್ಯಾಡ್ರಿ,” ಎಂದೆ. ಹೊಟ್ಟೆ ಬೇಕು ಎಂದಿತು. “ನಿಮ್ಮ ಗೋಡೆ ಯಾವಾಗ ಕಟ್ಟಿಸಿದ್ರಿ?”

“ಲಾಕ್‌ಡೌನ್ ಮುಗದ ಮ್ಯಾಲೆ. ನಾಲ್ಕು ವರ್ಷಾತು. ಪಂಚಾಯ್ತಿ ಪರವಾನಗಿ ಐತಿ. ಕಲ್ಲು ನೋಡಿ, ಅದರಿಂದ ಒಂದು ಗೇಣು ಬಿಟ್ಟು ಕಟ್ಟಿಸೇನಿ. ಬೇಕಾದ್ರ ಅಳೀರಿ.” ನಗುತ್ತಲೇ ಹೇಳಿದ. “ಆ ಮಂದಿ ಬಗ್ಗೆ ನನಗೂ ಕೆಟ್ಟ ಅನಸ್ತದ್ರಿ. ನಮ್ಮ ಸೂಪರ್‌ವೈಜರ್ ಪರಶುನ ಮನಿನೂ ಅದರಾಗ ಐತಿ. ಆದ್ರ ಕಾಯದೆ ಅಂದ್ರ ಕಾಯದೆ, ಏನ್ ಮಾಡೂದು?”

ಬೇಲಿಯೇ ಎದ್ದು ಹೊಲ ಮೇಯ್ದು, ಆಮೇಲೆ ಹೊಲಕ್ಕೆ ನ್ಯಾಯ ಹೇಳುವುದೆಂದರೆ ಇದೇ. ನನ್ನ ಕಿವಿ ಬಿಸಿಯಾಯಿತು. ಬಾಯಿ ತೆರೆಯುವಷ್ಟರಲ್ಲಿ ಮಂದಾಕಿನಿಬಾಯಿ ಎದ್ದು ಸೀರೆಯ ಧೂಳು ಕೊಡವಿದರು.

“ನಿಮ್ಮ ಪ್ಯಾಕಿಂಗ್ ಶೆಡ್ಡು ಗ್ವಾಡಿಯಿಂದ ಎಷ್ಟು ದೂರ ಅದ್ರಿ?”

“ಏಳೆಂಟು ಮೀಟರು ಇರಬೇಕು. ಯಾಕ್ರಿ?”

“ಸುಮ್ಮನ ಕೇಳಿದೆ,” ಎಂದು ಬಾಯಿ ಕನ್ನಡಿಯನ್ನು ಪರ್ಸಿಗೆ ಹಾಕಿಕೊಂಡರು.

ಅಡ್ಡಗೋಡೆಯ ಮೇಲೆ ದೀಪ ಇಡುವುದರಲ್ಲಿ ಇವರನ್ನು ಮೀರಿಸಿದವರಿಲ್ಲ. ಕಾಲುವೆಯ ಕಾಲುಸೇತುವೆ ದಾಟುವಾಗ ನಾನೇ ಕೆದಕಿ ಕೇಳಬೇಕಾಯಿತು.

“ಸರ್ವೇ ಕಲ್ಲಿನ ಬುಡಕ್ಕ ನಾವು ಇದ್ದಲಿ ತುಂಬತಿದ್ವಿ,” ಎಂದರು. “ಕಲ್ಲು ಯಾರಾದ್ರೂ ಕಿತ್ತರೂ ಇದ್ದಲಿ ಕೊಳಿಯೂದಿಲ್ಲ. ಖರೇ ಜಾಗ ಅದ ಹೇಳ್ತದ. ಶೆಡ್ಡು ಮದಲಿನ ಗಡಿಗೆ ಹಚ್ಚೇ ಕಟ್ಟಿರಬೇಕು. ಅಲ್ಲಿಂದ ಕಲ್ಲು ಎಂಟು ಮೀಟರು ಈ ಕಡೆ ಸರದಿದ್ರ, ಇದ್ದಲಿ ಆ ಶೆಡ್ಡಿನ ಬುಡಕ ಇರಬೇಕು.”

“ಹಂಗಾರ ಈಗ ಅಗದು ನೋಡೂಣು!”

“ಸರಕಾರಿ ಗಡಿಕಲ್ಲು ನಾವು ಅಗದ್ರ ಮದಲು ನಮ್ಮನ್ನ ಒಳಗ ಹಾಕ್ತಾರ, ವಕೀಲ್ರ. ಕಾಯದೆ ಓದಿದವರು ನೀವು.”

ನಡೆಯುತ್ತಲೇ ಲೆಕ್ಕ ಹಾಕಿದೆ.

ಎಂಟು ಮೀಟರು. ಕಲ್ಲುಗಳು ಹಳೆಯ ಜಾಗಕ್ಕೆ ಹೋದರೆ ಟೇಪಿನ ಈ ತುದಿಯೂ ಎಂಟು ಮೀಟರು ಹಿಂದೆ ಸರಿಯುತ್ತದೆ. ಹದಿನಾಲ್ಕು ಮನೆಗಳು ಒತ್ತುವರಿಯಿಂದ ಹೊರಗೆ. ಆ ಮನೆಗಳ ಜಾಗವನ್ನು ಊರಿನ ಕಮ್ಯುನಿದಾದ್, ಎಂದರೆ ಊರಿನ ಸಾಮೂಹಿಕ ಜಮೀನು ನೋಡಿಕೊಳ್ಳುವ ಸಂಸ್ಥೆ, ಬಾಡಿಗೆಗೆ ಬರೆದುಕೊಟ್ಟ ಕಾಗದ ನನ್ನ ಫೈಲಿನಲ್ಲಿ ಭದ್ರವಾಗಿತ್ತು. ಆಮೇಲೆ ಇದೇ ನೋಟೀಸು ಅಮೇಯ ಬಾಬನ ಗೋಡೆಗೆ ಅಂಟುತ್ತದೆ. ನೆನೆಸಿಕೊಂಡೇ ನನ್ನ ಹಸಿವು ಅರ್ಧ ಇಳಿಯಿತು.

ಫಕೀರವ್ವನ ಗಂಡ ಭರಮಪ್ಪನ ಮನೆ ಸಾಲಿನಲ್ಲಿ ಮೂರನೆಯದು. ಚಿರೇಕಲ್ಲಿನ ಗೋಡೆ, ಮೇಲೆ ತಗಡು. ಫಕೀರವ್ವ ರೊಟ್ಟಿ ಬಡಿಯುತ್ತಿದ್ದಳು. ನಮ್ಮನ್ನು ಕಂಡವಳೇ ಹಿಟ್ಟಿನ ಕೈಯಲ್ಲೇ ಎದ್ದಳು.

“ಬರ್ರಿ ಅಕ್ಕಾರ, ಬರ್ರಿ ವಕೀಲ್ರ. ಮಾರಿ ಬಾಡೇತಿ, ಮದಲು ಉಣ್ರಿ. ಮಾತು ಎಲ್ಲಿ ಓಡಿ ಹೋಗತಾವು?”

ಹಡೆದವ್ವ ಇದ್ದ ಹಾಗೆ! ಬಿಸಿ ರೊಟ್ಟಿ, ಶೇಂಗಾಚಟ್ನಿ, ಮೊಸರು. ಎರಡನೆಯ ರೊಟ್ಟಿ ಮುರಿಯುವಾಗ ನನಗೆ ಜಗತ್ತಿನ ಮೇಲೆ ಸಿಟ್ಟು ಉಳಿದಿರಲಿಲ್ಲ.

“ಪರಶು ಎಲ್ಲಿ?” ಎಂದು ಕೇಳಿದೆ.

“ಡ್ಯೂಟಿಗೆ ಹ್ವಾಗ್ಯಾನ್ರಿ. ನಾಳಿ ರಜಾ ಹಾಕ್ಯಾನ, ಮಂದೀನ್ನೆಲ್ಲಾ ಕರಕೊಂಡು ಬರ್ತಾನ.”

ಪರಶು ಈ ಮನೆಯ ಒಬ್ಬನೇ ಮಗ. ಅಮೇಯ ಬಾಬನ ಕಾರ್ಖಾನೆಯಲ್ಲೇ ಸೂಪರ್‌ವೈಜರ್. ಹೀಗಿದ್ದೂ ಹದಿನಾಲ್ಕು ಮನೆಯವರ ನೋಟೀಸುಗಳನ್ನು ಒಟ್ಟುಮಾಡಿ ನನ್ನ ಮೇಜಿನ ಮೇಲೆ ತಂದಿಟ್ಟವನು ಅವನೇ. ಅನ್ನ ಕೊಡುವ ಧಣಿಯ ಎದುರು ನಿಲ್ಲಲು ಎಂಟೆದೆ ಬೇಕು. ಆ ಹುಡುಗನ ಮೇಲೆ ನನಗೆ ಮೊದಲಿನಿಂದಲೂ ಅಭಿಮಾನ.

ಭರಮಪ್ಪ ಬಾಗಿಲ ಬಳಿ ಗೋಡೆಗೆ ಒರಗಿ ಕುಳಿತಿದ್ದ. ಅರವತ್ತೆರಡರ ಮನುಷ್ಯ, ಈ ಕಾಲುವೆಯ ಗ್ಯಾಂಗಿಗೆ ಮೇಸ್ತ್ರಿಯಾಗಿದ್ದವನು. ಒಂದು ತಿಂಗಳಿಂದ, ಎಂದರೆ ನೋಟೀಸು ಬಂದಂದಿನಿಂದ, ಅವನು ನಾಲ್ಕು ಮಾತಿಗಿಂತ ಹೆಚ್ಚು ಆಡಿದ್ದನ್ನು ನಾನು ಕೇಳಿರಲಿಲ್ಲ.

ಮಂದಾಕಿನಿಬಾಯಿ ತಾಟು ಬದಿಗಿಟ್ಟು ಕೈ ತೊಳೆದರು.

“ಭರಮಪ್ಪ, ಕಲ್ಲು ನಿಲ್ಲಸೂದರಾಗ ನಿನ್ನ ಕೈ ಭಾಳ ಚಲೋ ಅಂತ. ಹೌದೇನು?”

“ಯಾರ್ರಿ ಹೇಳಿದವರು?” ಮುದುಕ ಥಟ್ಟನೆ ತಲೆಯೆತ್ತಿದ. “ನಾ ಯಾ ಕಲ್ಲೂ ಮುಟ್ಟಿಲ್ರಿ ಅಕ್ಕಾರ.”

ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ. ಯಾವ ಕಲ್ಲು ಎಂದು ಬಾಯಿ ಕೇಳಿಯೇ ಇರಲಿಲ್ಲ.

“ಏಳನೇ ಕಲ್ಲಿನ ಬೊಟ್ಟು ಇನ್ನೂ ಅಳಿಸಿಲ್ಲಪಾ,” ಎಂದರು ಬಾಯಿ, ಮೊಸರು ಚಲೋ ಇತ್ತು ಎನ್ನುವಷ್ಟೇ ಶಾಂತವಾಗಿ. “ಆ ಐದೂ ಕಲ್ಲು ನೀನ ನಿಲ್ಲಿಸೀದಿ. ಮೂಡಣಕ್ಕ ಮಾರಿ ಮಾಡಿ. ಬ್ಯಾರೆ ಯಾರಾದ್ರೂ ಆಗಿದ್ರ ನಂಬರು ನೀರಿಗೆ ಮಾಡಿ ಮನಿಗೆ ಹ್ವಾಗ್ತಿದ್ರು. ನಿನಗ ಹಂಗ ಮಾಡ್ಲಿಕ್ಕೆ ಮನಸು ಬರ್ಲಿಲ್ಲ.”

ಒಲೆಯ ಮೇಲಿನ ರೊಟ್ಟಿ ಸೀಯತೊಡಗಿತು. ಫಕೀರವ್ವ ಅದನ್ನು ತೆಗೆಯಲಿಲ್ಲ.

ಭರಮಪ್ಪ ತನ್ನ ಕೈಗಳನ್ನು ನೋಡಿಕೊಂಡ.

“ಕಲ್ಲು ಅಂದ್ರ ಕಲ್ಲಲ್ರಿ ಅಕ್ಕಾರ. ನೆಲದಾಗ ನಿಂತ ಮ್ಯಾಲೆ ಅದೂ ಒಂದು ದೇವ್ರು. ನಮ್ಮಪ್ಪ ಹಂಗ ಕಲಸ್ಯಾನ. ಪಡುವಣಕ್ಕ ಮಾರಿ ಮಾಡಿ ಹೆಂಗ ನಿಲ್ಲಸಲಿ? ಬುಡಕ ಅರಿಷಿಣಬೇರು, ಅಡಕಿ, ಒಂದು ನಾಣ್ಯ ಹಾಕಿ, ಕಾಯಿ ಒಡದು ನಿಲ್ಲಿಸಿದೆ.”

“ಯಾ ನಾಣ್ಯ?”

“ಇಪ್ಪತ್ತು ರೂಪಾಯಿದು. ಆಗಿನ್ನೂ ಹೊಸಾದು ಬಂದಿತ್ತು. ಹೊಳೀತಿತ್ತು. ಐದಕ್ಕೂ ಐದು ಹಾಕಿದೆ.”

ನಾನು ಕುಳಿತಲ್ಲೇ ತೊಡೆ ತಟ್ಟಿಕೊಂಡೆ. ಇಪ್ಪತ್ತರ ನಾಣ್ಯ ಬಂದದ್ದೇ ಮೊನ್ನೆ ಮೊನ್ನೆ. ಕಾಲುವೆ ಆಗಿ ಮೂವತ್ತು ವರ್ಷ ದಾಟಿದೆ. ಆ ಕಾಲದ ಗಡಿಕಲ್ಲಿನ ಅಡಿಯಲ್ಲಿ ಈ ಕಾಲದ ನಾಣ್ಯ ಸಿಕ್ಕರೆ ಯಾವ ಅಧಿಕಾರಿಯೂ ಕಣ್ಣು ಮುಚ್ಚಿಕೊಳ್ಳಲಾರ.

ಆದರೆ ಫಕೀರವ್ವನಿಗೆ ನಾಣ್ಯ ಕೇಳಿಸಿರಲಿಲ್ಲ. ಅವಳು ಗಂಡನ ಎದುರು ಬಂದು ನಿಂತಿದ್ದಳು.

“ನೀನ? ಆ ಕಲ್ಲು ಸರಿಸಿದಂವ ನೀನ?”

ಅವನು ತಲೆ ತಗ್ಗಿಸಿದ.

“ಒಂದು ತಿಂಗಳಾತು, ನಾ ರಾತ್ರಿ ಹಗಲು ದುರ್ಗವ್ವಗ ಹರಕಿ ಹೊರಾಕತ್ತೇನಿ. ಯಾ ಪಾಪಿ ನಮ್ಮ ಮನಿ ಮ್ಯಾಲೆ ಕಣ್ಣಿಟ್ಟಾನ ಅಂತ ಬೈಯಾಕತ್ತೇನಿ. ಪಾಪಿ ನನ್ನ ಮಗ್ಗಲಾಗ ಮಕ್ಕೊಂಡಿತ್ತು! ಕೋಲು ಕೊಟ್ಟು ಹೊಡಿಸಿಕೊಂಡಂಗ ಆತಲ್ಲೋ ಮಾರಾಯಾ.”

“ಗೊತ್ತಿರಲಿಲ್ಲ, ಫಕೀರಿ. ಸರಕಾರಿ ಕೆಲಸ ಅಂತ ಮಾಡಿದೆ. ಹೊಸಾ ಅಳತಿ ಆಗೇತಿ, ಕಲ್ಲು ಈ ಕಡೆ ಬರಬೇಕು ಅಂತ ಹೇಳಿದ್ರು. ಸರಕಾರಿ ಮುದ್ರಿ, ಶಿಕ್ಕಾ ಇದ್ದ ನಕ್ಷಿ ತೋರಿಸಿದ್ರು. ಎರಡು ದಿನದ ಪಗಾರ ಕೊಟ್ರು. ಈ ಕಡೆ ಅಳತಿ ನಮ್ಮ ಒಲಿಗೆ ಬಂದು ಮುಟ್ಟತೈತಿ ಅಂತ ನನಗೇನ ಗೊತ್ತು?”

“ನೋಟೀಸ ಬಂದ ಮ್ಯಾಲರ ಗೊತ್ತಾತಿಲ್ಲ? ಆಗ್ಯಾಕ ಬಾಯಿ ಬಿಡಲಿಲ್ಲ?”

ಮುದುಕನ ಕಣ್ಣಲ್ಲಿ ನೀರು ತುಂಬಿತ್ತು. ಫಕೀರವ್ವ ಸೆರಗಿನಿಂದ ಮುಖ ಒರೆಸಿಕೊಂಡು ಒಲೆಯ ಮುಂದೆ ಕುಸಿದಳು. ಈ ಒಲೆಯ ಮುಂದೆ ಮೂವತ್ತು ವರ್ಷ ಕುಳಿತ ಹೆಂಗಸು ಅವಳು.

ಇಂಥ ಹೊತ್ತಿನಲ್ಲಿ ನನಗೆ ಗೊತ್ತಿರುವುದು ಒಂದೇ ಕೆಲಸ. ಕಾಯದೆ ಹೇಳುವುದು.

“ಫಕೀರವ್ವ, ಇಲ್ಲಿ ಕೇಳು,” ಎಂದೆ. “ಒತ್ತುವರಿ ಅಂತ ನೋಟೀಸ ಬಂದ ಕೂಡಲೇ ಮನಿ ಕೆಡವಾಕ ಬರೂದಿಲ್ಲ. ಮದಲು ನಮ್ಮ ಮಾತು ಕೇಳಬೇಕು. ಅದಕ್ಕ ನಾಳಿನ ವಿಚಾರಣಿ. ನಾಳಿ ನಾ ಬರವಣಗಿಲೆ ಕೇಳ್ತೇನಿ: ಎಲ್ಲಾರ ಎದುರಿಗೆ ಜಂಟಿ ಸರ್ವೇ ಆಗಲಿ, ಐದು ಕಲ್ಲಿನ ಬುಡ ಅಗೀಲಿ, ಶೆಡ್ಡಿನ ಬುಡದಾಗ ಇದ್ದಲಿ ಹುಡುಕಲಿ, ಅಲ್ಲೀತನಾ ಒಂದು ತಗಡೂ ಮುಟ್ಟಬಾರದು. ಇಷ್ಟಾಗೀನೂ ಆರ್ಡರು ನಮ್ಮ ವಿರುದ್ಧ ಬಂತು ಅಂದ್ರ ಅಪೀಲು ಐತಿ. ಅದೂ ಆಗಲಿಲ್ಲ ಅಂದ್ರ ಪೋರ್ವೊರಿಂ ಹೈಕೋರ್ಟ್ ಐತಿ.”

“ಆ ಗ್ವಾಡಿ?”

“ಗಡಿ ಎಲ್ಲೈತಿ ಅಂತ ಒಮ್ಮೆ ಸಾಬೀತಾತು ಅಂದ್ರ, ಗ್ವಾಡಿನೂ ಒತ್ತುವರಿನ. ಕಚೇರಿಯವರು ಅದಕ್ಕೂ ನೋಟೀಸ ಕೊಡಬೇಕು. ಕೊಡದ ಕುಂತ್ರ, ಕೊಡ್ರಿ ಅಂತ ಕೋರ್ಟಿನಿಂದ ಹೇಳಸ್ತೇನಿ. ಕಾಲುವಿ ಜಾಗ ಯಾರಪ್ಪನ ಮನಿದೂ ಅಲ್ಲ.”

“ಮತ್ತ ನಾ?” ಭರಮಪ್ಪ ಕೇಳಿದ. “ನನ್ನ ಜೇಲಿಗೆ ಹಾಕ್ತಾರೇನ್ರಿ?”

“ಸರಕಾರಿ ಗಡಿಕಲ್ಲು ಸರಿಸೋದು ಅಪರಾಧ ಹೌದು. ಆದ್ರ ಸರಕಾರದ ಹುಕುಂ ಅಂತ ನಂಬಿ ಸರಿಸಿದಂವ ಬ್ಯಾರೆ, ಸುಳ್ಳು ಹುಕುಂ ಹುಟ್ಟಿಸಿದಂವ ಬ್ಯಾರೆ. ನೀ ಖರೇ ಹೇಳಿದ್ರ ನೀ ಸಾಕ್ಷಿ. ಅಂವ ಆರೋಪಿ. ಯಾರು ಅಂವ? ನಕ್ಷಿ ತಂದಂವ ಯಾರು?”

“ಗೊತ್ತಿಲ್ರಿ. ಖಾಕಿ ಅಂಗಿ ಹಾಕಿದ್ದ. ಜೀಪಿನಾಗ ಬಂದಿದ್ದ.”

“ಅಮೇಯ ಬಾಬನ ಮನಶ್ಯಾನ?”

“ಗೊತ್ತಿಲ್ರಿ.”

“ಎಂಥಾ ಜೀಪು?” ಮಂದಾಕಿನಿಬಾಯಿ ನಡುವೆ ಬಂದರು.

“ಬಿಳೀದು.”

“ಮಾರಿ ನೋಡಿದ್ರ ಗುರ್ತು ಹಿಡೀತಿ?”

“ಬಾಯಿಗೆ ಮಾಸ್ಕ್ ಇತ್ರಿ. ಕರೋನಾ ಟೈಮು.”

ಎಲ್ಲಕ್ಕೂ ಉತ್ತರ ಸಿದ್ಧವಾಗಿತ್ತು. ಅಲ್ಲಿಯವರೆಗೆ ಒಂದೊಂದು ಮಾತಿಗೂ ತಿಣುಕಿದ ಮನುಷ್ಯ, ಈಗ ಪಟಪಟನೆ ಹೇಳುತ್ತಿದ್ದ. ಮಂದಾಕಿನಿಬಾಯಿ ಅವನನ್ನೇ ನೋಡಿದರು.

“ಆ ನಕ್ಷಿ ಎಲ್ಲದ?” ಎಂದಷ್ಟೇ ಕೇಳಿದರು.

“ಹರದು ಹೋತ್ರಿ.”

“ಶಿಕ್ಕಾ ಇತ್ತಂದ್ಯಲ್ಲ, ಅದೇನ?” ಒಲೆಯ ಮುಂದಿನಿಂದ ಫಕೀರವ್ವ ತಿರುಗಿದಳು. “ನೀಲಿ ಶಿಕ್ಕಾ, ದುಂಡಂದು? ಗೀಟು ಗೀಟು ಹೊಡದದ್ದು?”

“ಅದಲ್ಲ. ಸುಮ್ಮನಿರು.”

“ನಿನ್ನ ಅಂಗಿ ಕಿಸೆದಾಗ ಇತ್ತಲ್ಲೋ! ಒಗಿಯಾಕ ಹಾಕಿದ್ದಿ. ಸರಕಾರದ ಶಿಕ್ಕಾ ಇದ್ದ ಕಾಗದಾ ಒಗೀಬಾರದು ಅಂತ ನಾ ಟ್ರಂಕಿನಾಗ ಇಟ್ಟೇನಿ.”

ಇದು ಈ ಜನರ ರೂಢಿ. ಗೋವೆಗೆ ಬಂದು ನೆಲೆ ನಿಲ್ಲುವಷ್ಟರಲ್ಲಿ, ಯಾವ ಕಾಗದ ಯಾವಾಗ ಬೇಕಾಗುತ್ತದೋ ಎಂದು ಹೆದರಿ ಹೆದರಿ, ರೇಷನ್ ಚೀಟಿಯಿಂದ ಹಿಡಿದು ಲಸಿಕೆ ಚೀಟಿಯವರೆಗೆ ಮುದ್ರೆಯಿದ್ದ ಏನನ್ನೂ ಬಿಸಾಡುವುದಿಲ್ಲ. ಓದಲು ಬರಲಿ ಬಾರದಿರಲಿ, ಮುದ್ರೆ ಇದ್ದರೆ ಟ್ರಂಕಿಗೆ.

“ಫಕೀರಿ, ತಗೀಬ್ಯಾಡ ಅದನ್ನ!” ಭರಮಪ್ಪ ಎದ್ದೇಬಿಟ್ಟ.

“ಯಾಕ ತಗೀಬಾರದು? ಮನಿ ಉಳೀತೈತಿ ಅಂದ್ರ ನನ್ನ ತಾಳಿನೂ ತಗದು ಕೊಡ್ತೇನಿ.”

ಟ್ರಂಕಿನ ಮುಚ್ಚಳ ಕಿರುಗುಟ್ಟಿತು. ಅವಳು ಸೀರೆಗಳ ಅಡಿಯಿಂದ ನಾಲ್ಕು ಮಡಿಕೆಯ ಕಾಗದವೊಂದನ್ನು ಎಳೆದು ಮಂದಾಕಿನಿಬಾಯಿಯ ಕೈಗಿಟ್ಟಳು. ಬಾಯಿ ಕನ್ನಡಕ ಏರಿಸಿ ಬಾಗಿಲ ಬೆಳಕಿಗೆ ಹಿಡಿದರು.

ನಾನು ಇವರನ್ನು ಏಳು ವರ್ಷದಿಂದ ಬಲ್ಲೆ. ಒಂದೇ ನಕ್ಷೆಯನ್ನು ಇವರು ಎರಡೆರಡು ಸಲ ತಿರುಗಿಸಿ ನೋಡಿದ್ದನ್ನು ಅಂದು ಮೊದಲ ಸಲ ಕಂಡೆ.

“ಏನಾತ್ರಿ ಬಾಯಾರ?”

“ಮ್ಯಾಲಿನ ಪಟ್ಟಿ ಕತ್ತರಿಸ್ಯಾರ,” ಎಂದರು ನಿಧಾನವಾಗಿ. “ಅಲ್ಲೆ ‘ಪ್ರಸ್ತಾವಿತ’ ಅಂತ ಬರದಿತ್ತು. ಇದು ಹುಕುಮಲ್ಲ, ವಕೀಲ್ರ. ಅರ್ಜಿ ಜೋಡಿ ಲಗತ್ತಿಸೋ ನಕ್ಷಿ. ನಾವು ಬ್ಯಾರೆ ಕಡೆ ಅಷ್ಟ ಜಾಗ ಕೊಡ್ತೇವಿ, ಗಡಿ ಇಷ್ಟು ಸರಿಸಲಿಕ್ಕೆ ಆಗ್ತದೇನು ಅಂತ ಇಲಾಖೆಗೆ ಕೇಳೂದು. ಕಾಯದೆ ಪ್ರಕಾರನ ಅದ. ಅರ್ಜಿ ಕೊಡಲೇ ಇಲ್ಲ, ಪಟ್ಟಿ ಕತ್ತರಿಸಿ ಕಳ್ಳ ಶಿಕ್ಕಾ ಒತ್ಯಾರ.”

“ನಿಮಗ ಹೆಂಗ ಗೊತ್ತು ಅಲ್ಲೆ ಏನ್ ಬರದಿತ್ತು ಅಂತ?”

ಬಾಯಿ ಕನ್ನಡಕ ತೆಗೆದರು.

“ಬರದಾಕಿ ನಾನ.”

ಕಾಗದವನ್ನು ಇಸಿದುಕೊಂಡೆ. ಮೂಲೆಯಲ್ಲಿ ಉತ್ತರ ದಿಕ್ಕಿನ ಬಾಣ. ಅದರ ತುದಿಗೆ ರಂಗೋಲಿಯ ಮೊಗ್ಗಿನಂಥದೊಂದು ಸುಳಿ. ಬಾಯಿಯಲ್ಲದೆ ಬೇರೆ ಯಾರೂ ಹಾಗೆ ಬರೆಯುವುದಿಲ್ಲ. ಊರಿನ ಹೆಸರಿಲ್ಲ, ಮಾಲೀಕನ ಹೆಸರಿಲ್ಲ. ಬರೀ ಗೆರೆಗಳು, ಆರರಿಂದ ಹತ್ತು ಅಂಕಿಗಳು. ಇಂಥವನ್ನು ಬಾಯಿ ವರ್ಷಕ್ಕೆ ನೂರು ಬರೆಯುತ್ತಾರೆ. ಸ್ಥಳ ನೋಡುವುದಿಲ್ಲ, ಕೊಟ್ಟ ಅಳತೆಯನ್ನು ಚೊಕ್ಕಟ ಮಾಡಿ ಕೊಡುತ್ತಾರೆ.

“ನನ್ನ ಹೆಸರೂ ನಾಳಿ ಹೇಳ್ರಿ, ನನಗೇನೂ ಅಡ್ಡಿ ಇಲ್ಲ,” ಎಂದರು. “ಆದ್ರ ಹಿಂದ ತಿರುವಿ ನೋಡ್ರಿ, ವಕೀಲ್ರ. ಬರಸಿದವರು ಯಾರು ಅಂತ ಅಲ್ಲೆ ಅದ.”

ತಿರುವಿದೆ. ಪೆನ್ಸಿಲಿನಲ್ಲಿ ಒಂದು ಫೈಲಿನ ನಂಬರು. ಅಕ್ಷರ ನನ್ನದು.

ಕಣ್ಣೆದುರು ಎಲ್ಲ ಬಂದು ನಿಂತಿತು. ನಾಲ್ಕು ವರ್ಷದ ಹಿಂದೆ, ಲಾಕ್‌ಡೌನ್ ಸಡಿಲಾದ ಮೊದಲ ವಾರ, ಬಾಯಿಗೆ ಕರವಸ್ತ್ರ ಕಟ್ಟಿಕೊಂಡು ನನ್ನ ಆಫೀಸಿನ ಮೆಟ್ಟಿಲೇರಿ ಬಂದ ಒಬ್ಬ ಲೋಡಿಂಗ್ ಕೆಲಸಗಾರ. ‘ಸಾಹೇಬ್ರ, ನಮ್ಮ ಕಂಪನಿ ಸಲುವಾಗಿ ಒಂದು ನಕ್ಷಿ ಬೇಕಾಗೈತ್ರಿ, ಅರ್ಜಿಗೆ ಹಚ್ಚಾಕ.’ ಕೆಲಸವಿಲ್ಲದೆ ಕುಳಿತ ದಿನಗಳು ಅವು. ನಾನು ಹೆಚ್ಚು ಕೇಳಲಿಲ್ಲ. ಮಂದಾಕಿನಿಬಾಯಿಯಿಂದ ಬರೆಸಿ ಅವನ ಕೈಗೇ ಕೊಟ್ಟೆ. ಮೂರು ತಿಂಗಳಿಗೆ ಅವನು ಸೂಪರ್‌ವೈಜರ್ ಆದ. ಧಾರವಾಡ ಪೇಡೆಯ ಡಬ್ಬಿ ತಂದು ನನ್ನ ಕಾಲುಮುಟ್ಟಿ ನಮಸ್ಕಾರ ಮಾಡಿದ. ಹುಡುಗ ಉದ್ಧಾರ ಆದ ಎಂದು ನಾನು ಖುಷಿಪಟ್ಟಿದ್ದೆ.

ಪರಶುವಿಗೆ ತಿಳಿದಿತ್ತೆ? ಅಥವಾ ಅಪ್ಪನಂತೆ ಅವನೂ ನಂಬಿ ಕೆಟ್ಟನೆ? ನೋಟೀಸುಗಳನ್ನು ಒಟ್ಟುಮಾಡಿಕೊಂಡು ನನ್ನ ಬಳಿಯೇ ಯಾಕೆ ಬಂದ?

ತಲೆಯೆತ್ತಿದೆ. ಭರಮಪ್ಪ ನನ್ನನ್ನೇ ನೋಡುತ್ತಿದ್ದ. ಎರಡೂ ಕೈ ಜೋಡಿಸಿ ಎದೆಗೆ ಒತ್ತಿಕೊಂಡಿದ್ದ. ಖಾಕಿ ಅಂಗಿಯವನು ಯಾರೂ ಇರಲಿಲ್ಲ. ಬಿಳಿ ಜೀಪೂ ಇರಲಿಲ್ಲ. ಮುದುಕ ಒಂದು ತಿಂಗಳಿಂದ ಬಾಯಿ ಹೊಲಿದುಕೊಂಡು ಕುಳಿತದ್ದು ತನ್ನ ಹೆದರಿಕೆಗಲ್ಲ.

“ಈ ಕಾಗದ ನಮ್ಮ ಮನಿ ಉಳಸ್ತೈತೇನ್ರಿ?” ಫಕೀರವ್ವ ಕೇಳಿದಳು.

“ಉಳಸ್ತೈತಿ,” ಎಂದೆ. ಸುಳ್ಳು ಹೇಳಲು ಬರಲಿಲ್ಲ.

“ಇದನ್ನ ಬರಸಿದಂವ ಯಾರಂತ ನಿಮಗ ಗೊತ್ತೈತಿ?”

ಮಂದಾಕಿನಿಬಾಯಿ ಭರಮಪ್ಪನ ಜೋಡಿಸಿದ ಕೈಗಳನ್ನು ನೋಡಿದರು. ಆಮೇಲೆ ನನ್ನನ್ನು ನೋಡಿದರು. ಅವರಿಗೂ ಅರ್ಥವಾಯಿತು.

“ಸುಮ್ಮನ್ಯಾಕ ನಿಂತೀರಿ ವಕೀಲ್ರ? ಅಂವನ ಹೆಸರ ಹೇಳ್ರಿ.” ಫಕೀರವ್ವ ಸೆರಗು ಸೊಂಟಕ್ಕೆ ಸಿಗಿಸಿದಳು. “ಅಂವನ ಬಾಗಲಕ್ಕ ಹೋಗಿ, ಅಂವನ ಹಡದಾಕಿನ್ನ ಹೊರಗ ಕರದು ಕೇಳ್ತೇನಿ, ಎಂಥಾ ಮಗನ್ನ ಹಡದೀಯವ್ವಾ ಅಂತ.”